ಎಸ್ಕಾ: ಒಣಗಿದ ಬಳ್ಳಿಗೆಲ್ಲ ಒಂದೇ ಹೆಸರಲ್ಲ

ದ್ರಾಕ್ಷಿ ಬಳ್ಳಿ ಒಣಗಿತೆಂದರೆ ಸಾಕು, ಬಳ್ಳಿಯ ಕಟ್ಟಿಗೆಯನ್ನು ಒಳಗಿನಿಂದ ಕೆಡಿಸುವ ಶಿಲೀಂಧ್ರ ರೋಗವಾದ ‘ಎಸ್ಕಾ ಬಂದಿದೆ’ ಎಂದು ಬರೆದುಬಿಡುವವರು ಹೆಚ್ಚಾಗಿದ್ದಾರೆ. ಮೊನ್ನೆ ಓದಿದ ಬರಹವೊಂದರಲ್ಲಿ ಅದೂ ಸಾಲದೆಂಬಂತೆ ‘ದ್ರಾಕ್ಷಿಯ ಕೊಳೆರೋಗ’ ಎಂದು ಹೆಸರಿಟ್ಟು, ಎಲೆಗೆ ಬೋರ್ಡೋ (ಮೈಲುತುತ್ತು, ಸುಣ್ಣದ ದ್ರಾವಣ) ಹೊಡೆಯಿರಿ ಎಂಬ ಸಲಹೆಯೂ ಇತ್ತು.

ಕೊಳೆರೋಗ ಎಂದರೆ ಕನ್ನಡಿಗರಿಗೆ ಅಡಿಕೆ ನೆನಪಾಗುತ್ತದೆ. ಮೈಸೂರು ಸಂಸ್ಥಾನದಲ್ಲಿದ್ದ ಕೃಷಿ ವಿಜ್ಞಾನಿ ಲೆಸ್ಲಿ ಕೋಲ್ಮನ್ 1910ರಷ್ಟು ಹಿಂದೆಯೇ ಅದರ ಬಗ್ಗೆ ಬರೆದಿದ್ದರು. ಅದು ಮಳೆಗಾಲದಲ್ಲಿ ಹೊರಗಿನಿಂದ ಕಾಯಿಗೆ ಬೀಳುವ ರೋಗ; ಮಳೆಗೆ ಮೊದಲೇ ಗೊನೆಗೆ ಬೋರ್ಡೋ ಲೇಪವಾದರೆ ತಡೆಯಬಹುದು. ಎಸ್ಕಾದ ಶಿಲೀಂಧ್ರ ಬಳ್ಳಿಯ ಕಟ್ಟಿಗೆಯೊಳಗೆ ವರ್ಷಗಟ್ಟಲೆ ಕೂತಿರುತ್ತದೆ. ಎಲೆಗೆ ಹೊಡೆದ ಔಷಧಿ ಅಲ್ಲಿಗೆ ಹೋಗುವ ಮಾತೇ ಇಲ್ಲ. ಹೆಸರು ತಪ್ಪಿದರೆ ಔಷಧಿಯೂ ತಪ್ಪುತ್ತದೆ, ದುಡ್ಡೂ ದಂಡ.

ಬಳ್ಳಿಯ ಕಟ್ಟಿಗೆಗೆ ಬರುವ ಇಂಥ ರೋಗಗಳ ಇಡೀ ಗುಂಪಿಗೆ ‘ಕಾಂಡ ರೋಗ’ ಎನ್ನುತ್ತಾರೆ. ನನಗೆ ‘ಬೊಡ್ಡೆ ರೋಗ’ ಹೆಚ್ಚು ಸರಿ ಎನಿಸುತ್ತದೆ, ಏಕೆಂದರೆ ಭತ್ತದ ದಂಟೂ ಕಾಂಡವೇ. ಈ ಗುಂಪಿನಲ್ಲಿ ಎಸ್ಕಾ ಒಂದು. ಯುಟೈಪಾ, ಬೊಟ್ರಿಯೋಸ್ಫೇರಿಯಾ ಜಾತಿಯ ಶಿಲೀಂಧ್ರಗಳಿಂದ ರೆಂಬೆ ಒಣಗುವ ರೋಗಗಳು ಬೇರೆ. ಎಳೆ ಸಸಿಗಳನ್ನು ಕಾಡುವ ಪೆಟ್ರಿ ರೋಗ, ಬೇರಿನ ಕಡೆಯಿಂದ ಬರುವ ಕಪ್ಪು ಪಾದ ರೋಗಗಳೂ ಬೇರೆ. ಒಂದೇ ಬೊಡ್ಡೆಯಲ್ಲಿ ಎರಡು ಮೂರು ಜೊತೆಯಾಗಿ ಇರುವುದುಂಟು, ಗೊಂದಲಕ್ಕೆ ಅದೂ ಒಂದು ಕಾರಣ.

ಎಸ್ಕಾ ಪದದ ಹುಟ್ಟು ಮಾತ್ರ ಸೊಗಸಾದದ್ದು. ಲ್ಯಾಟಿನ್‌ನಲ್ಲಿ ಅದು ‘ತಿನ್ನು’ ಎಂಬ ಧಾತುವಿನಿಂದ ಬಂದ ಪದ, ಮೊದಲ ಅರ್ಥ ಆಹಾರ. ಆಮೇಲೆ ಮೀನಿಗೆ ಗಾಳಕ್ಕೆ ಸಿಕ್ಕಿಸುವ ತಿನಿಸೂ ಎಸ್ಕಾ ಆಯಿತು. ಕೊನೆಗೆ ಬೆಂಕಿಯ ತಿನಿಸೂ ಆಯಿತು: ಚಕಮಕಿ ಕಲ್ಲಿನ ಕಿಡಿ ಹಿಡಿಯಲು ಇಡುತ್ತಿದ್ದ ಒಣ, ಮೆತ್ತನೆಯ ವಸ್ತು. ಅಗ್ನಿಗೆ ಹುತಾಶನ ಎಂದು ಹೆಸರಿಟ್ಟ ನಮಗೆ ಬೆಂಕಿ ಉಣ್ಣುತ್ತದೆ ಎಂಬುದು ಹೊಸ ಕಲ್ಪನೆಯೇನಲ್ಲ. ಯುರೋಪಿನಲ್ಲಿ ಕಿಡಿ ಹಿಡಿಯಲು ಬಳಸುತ್ತಿದ್ದದ್ದು ಮರದ ಮೇಲೆ ಬೆಳೆಯುವ ಗೊರಸಿನಾಕಾರದ ಒಂದು ಅಣಬೆಯ ತಿರುಳನ್ನು. ರೋಗ ಹಿಡಿದ ಹಳೆಯ ದ್ರಾಕ್ಷಿ ಬೊಡ್ಡೆಯನ್ನು ಸೀಳಿದರೆ ಒಳಗೆ ತಿಳಿಹಳದಿಯ, ಬೆರಳಿಗೆ ಉದುರುವ ಮೆತ್ತನೆಯ ಕಟ್ಟಿಗೆ ಕಾಣುತ್ತದೆ, ಅದೂ ಹಾಗೆಯೇ ಇರುತ್ತದೆ. ಹೆಸರು ಬಂದದ್ದು ಅದರಿಂದ. ಫ್ರೆಂಚ್ ಬೆಳೆಗಾರರು ಇಂದಿಗೂ ಆ ಭಾಗಕ್ಕೆ ‘ಅಮಾಡು’ ಎನ್ನುತ್ತಾರೆ, ಅರ್ಥ ಅದೇ. ಅಂದರೆ ಎಸ್ಕಾ ಎಂಬುದು ಎಲೆಯ ಲಕ್ಷಣಕ್ಕೆ ಬಂದ ಹೆಸರೇ ಅಲ್ಲ, ಬೊಡ್ಡೆಯೊಳಗಿನ ಕಟ್ಟಿಗೆಗೆ ಬಂದದ್ದು. ಬೊಡ್ಡೆ ಸೀಳಿ ನೋಡದೆ ಎಲೆಯ ಫೋಟೋ ಹಾಕಿ ‘ಎಸ್ಕಾ’ ಎಂದು ತೀರ್ಪು ಕೊಡುವವರು ಇದನ್ನು ಗಮನಿಸಲಿ.

ಎಲೆಯಲ್ಲಿ ಲಕ್ಷಣ ಇರುವುದೇನೋ ನಿಜ. ನರಗಳ ನಡುವಿನ ಭಾಗ ಹಳದಿಯಾಗಿ, ಕಂದಾಗಿ ಸುಟ್ಟು, ನರದ ಪಕ್ಕ ಮಾತ್ರ ಹಸಿರು ಉಳಿದು ಹುಲಿಪಟ್ಟೆ ಮೂಡುತ್ತದೆ. ಆದರೆ ಈ ವರ್ಷ ಪಟ್ಟೆ ತೋರಿದ ಬಳ್ಳಿ ಬರುವ ವರ್ಷ ಏನೂ ಆಗದಂತೆ ಚಿಗುರಬಹುದು. ‘ನಮ್ಮ ಔಷಧಿಗೆ ಎಸ್ಕಾ ವಾಸಿಯಾಯಿತು’ ಎಂಬ ಮಾತುಗಳು ಹೆಚ್ಚಾಗಿ ಹುಟ್ಟುವುದು ಇಲ್ಲಿಯೇ. ಇನ್ನು ಕೆಲವು ಬಳ್ಳಿಗಳು ನಡುಬೇಸಿಗೆಯಲ್ಲಿ ಕೆಲವೇ ದಿನಗಳೊಳಗೆ ಕಾಯಿ ಸಮೇತ ಬಾಡಿ ನಿಲ್ಲುತ್ತವೆ. ಅದಕ್ಕೆ ಇಟ್ಟ ಹೆಸರು ಅಪೊಪ್ಲೆಕ್ಸಿ, ಗ್ರೀಕ್ ಮೂಲದಲ್ಲಿ ‘ಹೊಡೆದು ಕೆಡವುವುದು’. ನಾವೂ ಲಕ್ವ ‘ಹೊಡೆಯಿತು’ ಎಂದೇ ಅನ್ನುತ್ತೇವೆ.

ತಪ್ಪು ಹೆಸರಿನ ಚಾಳಿ ವಿಜ್ಞಾನಿಗಳಿಗೂ ಇತ್ತು. ಕ್ಯಾಲಿಫೋರ್ನಿಯಾದಲ್ಲಿ ಬಳ್ಳಿಯ ಒಂದು ತೋಳು ಪೂರ್ತಿ ಸಾಯುವುದಕ್ಕೆ ಫೊಮೊಪ್ಸಿಸ್ ಎಂಬ ಶಿಲೀಂಧ್ರ ಕಾರಣ ಎಂದು ದಶಕಗಳ ಕಾಲ ನಂಬಿದ್ದರು. 1970ರ ದಶಕದ ಕೊನೆಗೆ ನಿಜವಾದ ಅಪರಾಧಿ ಯುಟೈಪಾ ಎಂದು ತಿಳಿಯಿತು. ಯುಟೈಪಾ ಹಿಡಿದ ತೋಳನ್ನು ಅಡ್ಡ ಕೊಯ್ದರೆ ಬೆಣೆಯಾಕಾರದ ಕಂದು ಕಲೆ ಕಾಣುತ್ತದೆ, ಚಿಗುರು ಗಿಡ್ಡವಾಗಿ ಎಲೆ ಬಟ್ಟಲಿನಂತೆ ಮುದುಡಿರುತ್ತದೆ. ಎಸ್ಕಾದ ಹುಲಿಪಟ್ಟೆ ಇಲ್ಲಿರುವುದಿಲ್ಲ.

ವಿಜಯಪುರದ ಕಡೆ ಬೊಡ್ಡೆ ಒಣಗಿದರೆ ಮೊದಲು ನೋಡಬೇಕಾದದ್ದು ಕಾಂಡ ಕೊರೆಯುವ ಹುಳುವನ್ನು. ತೂತು, ಬುಡದಲ್ಲಿ ಕಟ್ಟಿಗೆಯ ಪುಡಿ ಇದ್ದರೆ ಅದು ಹುಳುವಿನದು. ಶಿಲೀಂಧ್ರ ಪುಡಿ ಉದುರಿಸುವುದಿಲ್ಲ.

ಈ ಶಿಲೀಂಧ್ರಗಳಲ್ಲಿ ಬಹುಪಾಲು ಒಳಹೋಗುವ ಬಾಗಿಲು ಕತ್ತರಿಯ ಗಾಯ. ಮಳೆ ಬಿದ್ದಾಗ ಬೀಜಕಣ ಹೊರಬಂದು ಹಸಿ ಗಾಯದ ಮೇಲೆ ಕೂರುತ್ತವೆ. ಯುರೋಪಿನಲ್ಲಿ ವರ್ಷಕ್ಕೊಮ್ಮೆ ಚಳಿಗಾಲದಲ್ಲಿ ಸವರಿದರೆ, ನಮ್ಮಲ್ಲಿ ಏಪ್ರಿಲ್ ಚಾಟ್ನಿ (ಸವರುವಿಕೆ), ಅಕ್ಟೋಬರ್ ಚಾಟ್ನಿ ಎಂದು ಎರಡು ಸಲ ಗಾಯ. ಮೊಗ್ಗು ಒಡೆಯಲೆಂದು ಹಚ್ಚುವ ಹೈಡ್ರೋಜನ್ ಸಯನಮೈಡ್ ಗಾಯಕ್ಕೆ ಮದ್ದಲ್ಲ. ಮಳೆಯಿಲ್ಲದ ದಿನ ನೋಡಿ ಕತ್ತರಿಸಿ, ದೊಡ್ಡ ಗಾಯಗಳಿಗೆ ಆ ದಿನವೇ ಬೋರ್ಡೋ ಮುಲಾಮು ಹಚ್ಚಬೇಕು: ಮೈಲುತುತ್ತು 1 ಕಿಲೋ, ಸುಣ್ಣ 1 ಕಿಲೋ, ನೀರು 10 ಲೀಟರ್. ಬೋರ್ಡೋಗೆ ಇಲ್ಲಿ ಕೆಲಸವಿರುವುದು ಗಾಯದ ಮೇಲೆ, ಎಲೆಯ ಮೇಲಲ್ಲ.

ಒಳಗೆ ಹೊಕ್ಕ ಮೇಲೆ ವಾಸಿ ಮಾಡುವ ಸಿಂಪಡಣೆ ಯಾವುದೂ ಇಲ್ಲ. ಹಿಂದೆ ಯುರೋಪಿನಲ್ಲಿ ಸೋಡಿಯಂ ಆರ್ಸೆನೈಟ್ ಹೊಡೆಯುತ್ತಿದ್ದರು. ಅದು ಪಾಷಾಣ, ಮನುಷ್ಯರಿಗೆ ಕ್ಯಾನ್ಸರ್ ತರುವಂಥದು, ಫ್ರಾನ್ಸ್ 2001ರಲ್ಲಿ ನಿಷೇಧಿಸಿತು. ಅದಕ್ಕೂ ಹಿಂದಿನವರು ಬೊಡ್ಡೆಯನ್ನು ಕೊಡಲಿಯಿಂದ ಸೀಳಿ, ನಡುವೆ ಕಲ್ಲು ಸಿಕ್ಕಿಸಿ ಗಾಳಿಯಾಡಲು ಬಿಡುತ್ತಿದ್ದರು. ಈಗ ಕೆಲವರು ಸಣ್ಣ ಗರಗಸದಿಂದ ಆ ಅಮಾಡುವನ್ನೇ ಕೆರೆದು ತೆಗೆಯುತ್ತಾರೆ. ಇನ್ನೊಂದು ದಾರಿ, ಕಲೆ ಮುಗಿದು ಬಿಳಿ ಕಟ್ಟಿಗೆ ಕಾಣುವವರೆಗೆ ಕೆಳಗೆ ಕತ್ತರಿಸಿ ಹೊಸ ಚಿಗುರಿನಿಂದ ಬೊಡ್ಡೆ ಕಟ್ಟುವುದು. ಬೇರಿಗೆಂದು ಬಳಸುವ ಡಾಗ್‌ರಿಜ್ ತಳಿಯ ಮೇಲೆ ಕಸಿ ಮಾಡಿದ ಬಳ್ಳಿಯಾದರೆ ಕಸಿಯ ಗಂಟಿನಿಂದ ಮೇಲೆಯೇ ನಿಲ್ಲಿಸಬೇಕು. ಕೆಳಗೆ ಇಳಿದರೆ ಚಿಗುರುವುದು ಹಣ್ಣಿನ ತಳಿಯಾದ ಥಾಮ್ಸನ್ ಅಲ್ಲ, ಡಾಗ್‌ರಿಜ್.