ಓದುಗರ ಪ್ರಶ್ನೆ: ಪಂಪ ಭಾರತದಲ್ಲಿ ದ್ರೌಪದಿಗೆ ಅರ್ಜುನ ಒಬ್ಬನೇ ಗಂಡನಂತೆ, ಹಾಗಾದ್ರೆ ಪಂಪ ವ್ಯಾಸರ ಕಥೆನ ತಿರುಚಿದ್ನಾ?

ಈ ಪ್ರಶ್ನೆ ತುಂಬಾ ಜನ ಕೇಳ್ತಾರೆ, ಅದರಲ್ಲೂ ಸೀರಿಯಲ್‌ನಲ್ಲಿ ಮಹಾಭಾರತ ನೋಡಿ ಆಮೇಲೆ ಕನ್ನಡ ಕಾವ್ಯದ ಕಡೆ ಬಂದೋರು ಇಲ್ಲಿಗೆ ಬಂದ ಕೂಡ್ಲೇ ಗಕ್ಕನೆ ನಿಂತುಬಿಡ್ತಾರೆ. ನನ್ನ ಉತ್ತರ ಮೊದಲೇ ಹೇಳ್ಬಿಡ್ತೀನಿ: ಬದಲಾಯಿಸಿದ್ದು ನಿಜ, ತಿರುಚಿದ್ದು ಅಲ್ಲ. ಆದ್ರೆ ಆ ಒಂದು ಬದಲಾವಣೆಗೆ ಕಾವ್ಯ ಸರಿಯಾಗೇ ಬೆಲೆ ತೆತ್ತಿದೆ, ಆ ಬೆಲೆ ಜಾಸ್ತಿ ಬಿದ್ದಿದ್ದು ದ್ರೌಪದಿ ಮೇಲೆ ಅಂತ ನನಗನ್ಸುತ್ತೆ.

ಪಂಪ ಬರೆದಿದ್ದು ಕ್ರಿ.ಶ. 941ರ ಹೊತ್ತಿಗೆ, ರಾಷ್ಟ್ರಕೂಟರ ಸಾಮಂತನಾಗಿದ್ದ ವೇಮುಲವಾಡದ ಚಾಲುಕ್ಯ ಅರಿಕೇಸರಿಯ ಆಸ್ಥಾನದಲ್ಲಿ, ವೇಮುಲವಾಡ ಈಗ ತೆಲಂಗಾಣದಲ್ಲಿದೆ. ಕಾವ್ಯದ ಹೆಸರೇ ವಿಕ್ರಮಾರ್ಜುನ ವಿಜಯ. ಅದರಲ್ಲಿ ಅರ್ಜುನ ಅಂದ್ರೆ ಅರಿಕೇಸರಿ, ಅರಿಕೇಸರಿ ಅಂದ್ರೆ ಅರ್ಜುನ, ರಾಜನ ಬಿರುದುಗಳನ್ನೆಲ್ಲ ಪಂಪ ಅರ್ಜುನನಿಗೇ ಅಂಟಿಸ್ತಾ ಹೋಗ್ತಾನೆ. ಇದನ್ನ ಅವನೇನು ಮುಚ್ಚಿಟ್ಟಿಲ್ಲ, ಶುರುವಲ್ಲೇ ಹೇಳ್ಕೊಂಡಿದಾನೆ, ವ್ಯಾಸರ ಮಾತಿನ ಅಮೃತಸಮುದ್ರನ ಈಜ್ತೀನಿ ಆದ್ರೆ ನಾನೇ ಕವಿವ್ಯಾಸ ಅನ್ನೋ ಗರ್ವ ನನಗಿಲ್ಲ, ಗುಣಾರ್ಣವನ ಒಳ್ಳೇತನ ಮನಸ್ಸಲ್ಲಿ ನಿಂತಿದೆ ಅದಕ್ಕೇ ಹೇಳ್ತಿದೀನಿ ಅಂತ. ಗುಣಾರ್ಣವ ಅನ್ನೋದು ಅರಿಕೇಸರಿಯದ್ದೇ ಬಿರುದು. ಹೀಗೆ ಮುಂದೆ ಕೂತು ಕಾವ್ಯ ಕೇಳೋ ರಾಜನನ್ನೇ ಅರ್ಜುನ ಮಾಡಿದ ಮೇಲೆ, ನಿನ್ನ ಹೆಂಡತಿ ಐದು ಜನಕ್ಕೆ ಹೆಂಡತಿ ಅಂತ ಬರೆಯೋದು ಹೇಗೆ? ಸಾಮಾನ್ಯವಾಗಿ ಎಲ್ಲರೂ ಕೊಡೋ ಕಾರಣ ಇದು, ಸರಿಯಾದ ಕಾರಣನೇ.

ಆದ್ರೆ ಅಷ್ಟಕ್ಕೇ ನಿಲ್ಲಿಸಿದ್ರೆ ಪಂಪ ಬರೀ ರಾಜನ್ನ ಮೆಚ್ಚಿಸೋಕೆ ಬರೆದ ಅಂತ ಆಗ್ಬಿಡುತ್ತೆ. ಪಂಪನ ಮನೆತನದವರು ಮೊದಲು ವೈದಿಕ ಬ್ರಾಹ್ಮಣರು, ತಂದೆ ಕಾಲಕ್ಕೆ ಜೈನರಾದ್ರು, ದಿಗಂಬರ ಜೈನರ ಭಾರತದಲ್ಲಿ ದ್ರೌಪದಿ ಅರ್ಜುನನೊಬ್ಬನ ಹೆಂಡತಿ ಅನ್ನೋದು ಪಂಪನಿಗಿಂತ ಮುಂಚೆನೇ ಇತ್ತು. 783ರಲ್ಲಿ ಜಿನಸೇನ ಸಂಸ್ಕೃತದಲ್ಲಿ ಬರೆದ ಹರಿವಂಶ ಪುರಾಣ ತಗೊಳ್ಳಿ. ಅಲ್ಲಿ ದ್ರೌಪದಿ ಅರ್ಜುನನ ಕೊರಳಿಗೆ ಮಾಲೆ ಹಾಕುವಾಗ ಗಾಳಿ ಬೀಸಿ ಹೂ ಚದುರಿ ಪಕ್ಕದಲ್ಲಿದ್ದ ಅಣ್ಣತಮ್ಮಂದಿರ ಮೇಲೂ ಬೀಳುತ್ತೆ, ನೋಡಿದ ಜನ ಐದೂ ಜನನ ವರಿಸಿದ್ಲು ಅಂತ ಸುದ್ದಿ ಹಬ್ಬಿಸ್ತಾರೆ. ಎಷ್ಟು ಚೆನ್ನಾಗಿದೆ ನೋಡಿ, ಐವರು ಗಂಡಂದಿರು ಅನ್ನೋ ಕಥೆ ಯಾಕೆ ಹುಟ್ಟಿತು ಅನ್ನೋದಕ್ಕೂ ಒಂದು ಕಥೆ.

ಇನ್ನೊಂದು ವಿಷಯ, ಈ ಮುಜುಗರ ಜೈನರದ್ದೋ ಪಂಪನದ್ದೋ ಮಾತ್ರ ಅಲ್ಲ, ವ್ಯಾಸಭಾರತದ ಒಳಗೇ ಇದೆ. ಆದಿಪರ್ವದಲ್ಲಿ ಮದುವೆ ಮಾತು ಬಂದಾಗ ದ್ರುಪದ ಒಪ್ಪೋದೇ ಇಲ್ಲ, ಒಬ್ಬನಿಗೆ ಹಲವು ಹೆಂಡಿರು ಉಂಟು, ಒಬ್ಬಳಿಗೆ ಹಲವು ಗಂಡಂದಿರು ಎಲ್ಲೂ ಕೇಳಿಲ್ಲ ಅಂತಾನೆ. ಧರ್ಮರಾಯ ಏನೋ ಹಳೇ ಉದಾಹರಣೆ ಕೊಡ್ತಾನೆ, ಕೊನೆಗೆ ವ್ಯಾಸರೇ ದ್ರುಪದನನ್ನ ಪಕ್ಕಕ್ಕೆ ಕರ್ಕೊಂಡು ಹೋಗಿ ಪಾಂಡವರು ಹಿಂದೆ ಐದು ಜನ ಇಂದ್ರರಾಗಿದ್ರು ಅಂತ ಕಥೆ ಹೇಳಿ ಒಪ್ಪಿಸಬೇಕಾಗುತ್ತೆ, ಶಿವನ ವರದ ಕಥೆ ಬೇರೆ ಇದೆ. ಮೂಲದಲ್ಲೇ ಇಷ್ಟೊಂದು ಸಮಜಾಯಿಷಿ ಬೇಕಾಗಿತ್ತು ಅಂದ್ರೆ ಆಮೇಲೆ ಬಂದ ಕವಿಗಳು ಅಲ್ಲಿ ಕೈ ಇಡದೆ ಇರ್ತಾರಾ?

ಮೂಲ ಅಂತ ಅಂದೆ, ಅದೂ ಒಂದೇ ಕಲ್ಲಿನಲ್ಲಿ ಕೆತ್ತಿಟ್ಟಿದ್ದಲ್ಲ. ಪುಣೆಯ ಭಂಡಾರ್ಕರ್ ಸಂಸ್ಥೆಯವರು 1919ರಲ್ಲಿ ಶುರು ಮಾಡಿ ಸಾವಿರಕ್ಕೂ ಮೇಲೆ ಹಸ್ತಪ್ರತಿ ಹೋಲಿಸಿ ವ್ಯಾಸಭಾರತದ ಪರಿಷ್ಕೃತ ಆವೃತ್ತಿ ಮುಗಿಸಿದ್ದು 1966ರಲ್ಲಿ, ಪ್ರತಿಯಿಂದ ಪ್ರತಿಗೆ ಅಷ್ಟು ವ್ಯತ್ಯಾಸ ಇತ್ತು.

ಈಗ ಬದಲಾವಣೆಯ ಬೆಲೆ ವಿಷಯಕ್ಕೆ ಬರ್ತೀನಿ, ನನಗೆ ಮುಖ್ಯ ಅನ್ನಿಸೋದು ಇದೇ. ಒಂದು ಎಳೆ ಎಳೆದ್ರೆ ಪೂರ್ತಿ ಸೀರೆ ಸುಕ್ಕಾಗುತ್ತಲ್ಲ ಹಾಗೆ, ದ್ರೌಪದಿಗೆ ಒಬ್ಬನೇ ಗಂಡ ಅಂದ ಕೂಡ್ಲೇ ಎಲ್ಲೆಲ್ಲೋ ಕಥೆ ಅಲುಗಾಡುತ್ತೆ. ವ್ಯಾಸರಲ್ಲಿ ಅಣ್ಣತಮ್ಮಂದಿರು ಒಂದು ನಿಯಮ ಮಾಡ್ಕೊಂಡಿರ್ತಾರೆ, ಒಬ್ಬ ದ್ರೌಪದಿ ಜೊತೆ ಇರುವಾಗ ಇನ್ನೊಬ್ಬ ಒಳಗೆ ಹೋಗಂಗಿಲ್ಲ ಅಂತ, ಅದನ್ನ ಮುರಿದಿದ್ದಕ್ಕೇ ಅರ್ಜುನ ವನವಾಸಕ್ಕೆ ಹೋಗೋದು, ಆ ಸುತ್ತಾಟದಲ್ಲೇ ಸುಭದ್ರೆ ಸಿಗೋದು. ಒಬ್ಬನೇ ಗಂಡ ಅಂದಮೇಲೆ ಆ ನಿಯಮವೇ ಇಲ್ಲ, ಆ ಕಾರಣವೂ ಬಿದ್ದುಹೋಯ್ತು.

ಅದಕ್ಕಿಂತ ದೊಡ್ಡ ಪೆಟ್ಟು ಜೂಜಿನ ಸಭೇಲಿ. ಪಂಪ ಭಾರತದ ಏಳನೇ ಆಶ್ವಾಸ, ಅಂದ್ರೆ ಏಳನೇ ಅಧ್ಯಾಯ, ತೆಗೆದು ನೋಡಿ. ದ್ರೌಪದಿ ಶಪಥ ಮಾಡ್ತಾಳೆ, ನನ್ನ ಮುಡಿ ಹಿಡಿದು ಎಳೆದವನನ್ನ ಕೊಂದು ಅವನ ಕರುಳಿಂದಲೇ ನನಗೆ ಮುಡಿಸಬೇಕು, ಅಲ್ಲಿವರೆಗೂ ನಾನು ಮುಡಿಯಲ್ಲ ಅಂತ, ಮುಡಿ ಮುಡಿ ಅನ್ನೋದೇ ಪದ್ಯದಲ್ಲಿ ಬಡಿದು ಬಡಿದು ಬರುತ್ತೆ, ಜೋರಾಗಿ ಓದಿದ್ರೆ ಮೈ ಜುಮ್ ಅನ್ನುತ್ತೆ. (ಈ ಮುಡಿ ಕಟ್ಟೋ ಶಪಥ ಪಂಪನ ಸ್ವಂತದ್ದೂ ಅಲ್ಲ, ಅವನಿಗಿಂತ ಮುಂಚಿನ ಭಟ್ಟನಾರಾಯಣನ ವೇಣೀಸಂಹಾರ ಅನ್ನೋ ಸಂಸ್ಕೃತ ನಾಟಕ ಇದನ್ನೇ ನಡುವಲ್ಲಿಟ್ಕೊಂಡು ಹುಟ್ಟಿದ್ದು, ರನ್ನನ ಗದಾಯುದ್ಧಕ್ಕೂ ಅದರ ಋಣ ಇದೆ.) ಈ ಶಪಥಕ್ಕೆ ಎದ್ದು ನಿಂತು ಉತ್ತರ ಕೊಡೋನು ಯಾರು? ಭೀಮ. "ಕುಡಿವೆಂ ದುಶ್ಶಾಸನೋರಸ್ಥಳಮನ್" ಅಂತ, ದುಶ್ಶಾಸನನ ಎದೆ ಸೀಳಿ ನೆತ್ತರು ಕುಡೀತೀನಿ ಅಂತ ಗುಡುಗೋದು ಭೀಮ, ಯುದ್ಧದಲ್ಲಿ ಅದನ್ನ ತೀರಿಸೋನೂ ಭೀಮನೇ. ವ್ಯಾಸರಲ್ಲಿ ಅವನು ಗಂಡನಾಗಿ ಗುಡುಗಿದ್ದ, ಪಂಪನಲ್ಲಿ ಅವನು ಬರೀ ಭಾವ. ಹೆಂಡತಿನ ಸಭೆಗೆ ಎಳ್ಕೊಂಡು ಬಂದಾಗ ಕಾವ್ಯದ ನಾಯಕ ಅಣ್ಣನ ಮಾತಿಗೆ ಕಟ್ಟುಬಿದ್ದು ಕೂತಿರ್ತಾನೆ, ಭಾವ ಆರ್ಭಟಿಸ್ತಾನೆ. ಅರ್ಜುನನ್ನ ದೊಡ್ಡವನಾಗಿ ಮಾಡೋಕೆ ಹೊರಟ ಕಾವ್ಯದಲ್ಲಿ ಅವನು ಅತಿ ಸಣ್ಣವನಾಗಿ ಕಾಣೋ ಜಾಗ ಇದೇ ಅಂತ ನನ್ನ ಅಭಿಪ್ರಾಯ.

ಕೊನೆಗೆ ಪಟ್ಟಾಭಿಷೇಕ. ಧರ್ಮರಾಯನಿಗೆ ಆಗಬೇಕಾಗಿದ್ದ ಪಟ್ಟ ಇಲ್ಲಿ ಅರ್ಜುನನಿಗೆ ಆಗುತ್ತೆ, ಅರಿಕೇಸರಿಗೆ ಅದು ಬೇಕಿತ್ತು, ಸರಿ. ಆದ್ರೆ ಪಕ್ಕದಲ್ಲಿ ಪಟ್ಟದ ರಾಣಿಯಾಗಿ ಕೂರೋದು ಸುಭದ್ರೆ! ಇಡೀ ಕಥೆಯ ಅವಮಾನ ಹೊತ್ತವಳು ದ್ರೌಪದಿ, ಅವಳಿಗಾಗಿ ಶಪಥ ಆಯ್ತು, ನೆತ್ತರು ಹರೀತು, ಸಿಂಹಾಸನ ಬಂದಾಗ ಅವಳು ಅಲ್ಲಿಲ್ಲ. ಐದು ಗಂಡಂದಿರ ಮುಜುಗರ ತಪ್ಪಿಸಿ ಅವಳಿಗೆ ಗೌರವ ಕೊಟ್ಟ ಅಂತ ಹೇಳೋರು ಈ ಕೊನೆಯನ್ನೂ ನೋಡ್ಬೇಕು. ಪಂಪನನ್ನ ನಾನು ಎಷ್ಟೇ ಪ್ರೀತಿಸಿದ್ರೂ ಇದನ್ನ ಒಪ್ಪೋಕೆ ನನಗೆ ಆಗಿಲ್ಲ.

ಈಗ ಸುಮಾರು ಐನೂರು ವರ್ಷ ಮುಂದೆ ಬನ್ನಿ, ಗದುಗಿನ ವೀರನಾರಾಯಣನ ಗುಡಿಗೆ. ಕುಮಾರವ್ಯಾಸನಿಗೆ ರಾಜನ ಹಂಗಿಲ್ಲ, ಅವನು ಹೇಳೋದು ಕೃಷ್ಣನ ಕಥೆ ಅಂತ ಅವನೇ ಹೇಳ್ಕೊಂಡಿದಾನೆ, ಹಾಗಾಗಿ ದ್ರೌಪದಿಗೆ ಐದೂ ಗಂಡಂದಿರು ವಾಪಸ್ ಬರ್ತಾರೆ. ಅದರಿಂದ ಏನು ಸಿಕ್ತು ಅಂತ ನೋಡೋಕೆ ವಿರಾಟಪರ್ವ ಸಾಕು. ಕೀಚಕ ತುಂಬಿದ ಸಭೇಲಿ ಒದ್ದಮೇಲೆ ಆ ರಾತ್ರಿ ಅವಳು ಯಾರ ಹತ್ರ ಹೋಗೋದು ಅಂತ ಯೋಚಿಸಿ, ಐವರಲ್ಲಿ ತನಗಾಗಿ ಮಿಡಿಯೋನು ಭೀಮ ಒಬ್ಬನೇ ಅಂತ ಅಡಿಗೆಮನೇಲಿ ಮಲಗಿದ್ದವನನ್ನ ಎಬ್ಬಿಸ್ತಾಳೆ. ಅವನೂ ಮೊದಲು ಹಿಂದೇಟು ಹಾಕ್ತಾನೆ. ಆಗ ಬರುತ್ತೆ ಆ ಮಾತು, "ಗಂಡರೈವರು ಮೂರು ಲೋಕದ ಗಂಡರೊಬ್ಬಳನಾಳಲಾರಿರಿ, ಗಂಡರೋ ನೀವ್ ಷಂಡರೋ". ಮೂರು ಲೋಕದ ವೀರರು ಐದು ಜನ ಇದ್ದೂ ಒಬ್ಬಳನ್ನ ಕಾಪಾಡೋಕಾಗಲ್ವಾ ಅಂತ. ಗಮಕಿಗಳು ಇದನ್ನ ಹಾಡುವಾಗ ಕೇಳಿ, ಈಗಲೂ ಕೂತ ಜನ ಉಸಿರು ಬಿಗಿಹಿಡೀತಾರೆ. ಈ ಸಾಲು ಪಂಪನಲ್ಲಿ ಹುಟ್ಟೋಕೆ ಸಾಧ್ಯನೇ ಇರಲಿಲ್ಲ, ಐದು ಗಂಡಂದಿರಿದ್ರೆ ಮಾತ್ರ ಈ ಸಿಟ್ಟಿಗೆ ಇಷ್ಟು ಬಲ ಬರೋದು.

ಹಾಗಂತ ಕುಮಾರವ್ಯಾಸನನ್ನ ಇಟ್ಕೊಂಡು ಪಂಪನನ್ನ ಬಿಡಿ ಅಂತ ಅಲ್ಲ. ಬೇರೆ ಕಡೆ ಪಂಪ ಯಾರೂ ಏರದ ಎತ್ತರ ಏರ್ತಾನೆ. ಅರ್ಜುನನೇ ತನ್ನ ರಾಜ ಅಂತ ಹೊರಟವನು ಕರ್ಣ ಸತ್ತಾಗ "ನೆನೆಯದಿರಣ್ಣ ಭಾರತದೊಳಿಂ ಪೆರರಾರುಮನ್, ಒಂದೆ ಚಿತ್ತದಿಂ ನೆನೆವೊಡೆ ಕರ್ಣನಂ ನೆನೆಯ" ಅಂತಾನೆ, ಭಾರತದಲ್ಲಿ ಬೇರೆ ಯಾರನ್ನೂ ನೆನೀಬೇಡ, ನೆನೆಯೋದಾದ್ರೆ ಕರ್ಣನ್ನ ನೆನೆ. ರಾಜನ ಎದುರಾಳಿಯನ್ನ ರಾಜನ ಸಭೇಲೇ ಹೀಗೆ ಹೊಗಳೋಕೆ ಎದೆಗಾರಿಕೆ ಬೇಕು.

ಓದೋಕೆ ಮನಸ್ಸಿದ್ರೆ ಹಳಗನ್ನಡಕ್ಕೆ ಹೆದರಬೇಡಿ, ಡಿ.ಎಲ್. ನರಸಿಂಹಾಚಾರ್ಯರ ಪಂಪಭಾರತ ದೀಪಿಕೆ ಪಕ್ಕದಲ್ಲಿಟ್ಕೊಳ್ಳಿ, ಪದ್ಯ ಪದ್ಯಕ್ಕೂ ಅರ್ಥ ಇದೆ. ಹದಿನಾಲ್ಕು ಆಶ್ವಾಸನೂ ಸಾಲಾಗಿ ಓದ್ಬೇಕು ಅಂತೇನಿಲ್ಲ, ಮೊದಲು ಏಳನೇದು ಓದಿ, ಆಮೇಲೆ ಅದೇ ಜೂಜಿನ ಪ್ರಸಂಗನ ಕುಮಾರವ್ಯಾಸನ ಸಭಾಪರ್ವದಲ್ಲಿ ಓದಿ, ದ್ರೌಪದಿ ಎಲ್ಲಿ ಯಾರ ಮುಖ ನೋಡಿ ಮಾತಾಡ್ತಾಳೆ ಅನ್ನೋದರ ಮೇಲೆ ಕಣ್ಣಿಟ್ಟಿರಿ.