ಮಾರ್ಗರೀತ್ ದ್ಯುರಾಂ: ರಂಗದಿಂದ ಪ್ರೆಸ್ಸಿಗೆ

ಪತ್ರಿಕೋದ್ಯಮದ ಇತಿಹಾಸ ಅಂದರೆ ಮಂಗಳೂರಿನಲ್ಲಿ ಓದುವ ನಮಗೆ 1843ರ ‘ಮಂಗಳೂರು ಸಮಾಚಾರ’, ಮೋಗ್ಲಿಂಗ್, ಬಾಸೆಲ್ ಮಿಷನ್ ಎಲ್ಲ ಬಾಯಿಪಾಠ. ಪತ್ರಿಕೆಗಳಲ್ಲಿ ಹೆಂಗಸರ ಪಾಲು ಏನು ಅಂತ ಪರೀಕ್ಷೆಯಲ್ಲಿ ಕೇಳಿದರೆ ಮಾತ್ರ ತಡವರಿಸುತ್ತೇವೆ. ಹತ್ತು ಹೆಸರು ಉರು ಹೊಡೆಯುವ ಬದಲು ಒಬ್ಬರನ್ನು ಸರಿಯಾಗಿ ಓದಿಕೊಳ್ಳೋಣ: ಪ್ಯಾರಿಸ್‌ನ ನಟಿ, ಪತ್ರಕರ್ತೆ ಮಾರ್ಗರೀತ್ ದ್ಯುರಾಂ (1864–1936).

1881ರಲ್ಲಿ ಕಾಮೆಡಿ ಫ್ರಾನ್ಸೇಸ್ ಎಂಬ ಹೆಸರಾಂತ ನಾಟಕ ಸಂಸ್ಥೆ ಸೇರಿದರು. ನಮ್ಮ ಯಕ್ಷಗಾನ ಮೇಳಗಳಲ್ಲಿ ಸ್ತ್ರೀವೇಷವೂ ಗಂಡಸರದ್ದೇ ಆಗಿದ್ದ ಕಾಲ ಅದು. 1888ರಲ್ಲಿ ವಕೀಲ, ರಾಜಕಾರಣಿ ಜಾರ್ಜ್ ಲಗೇರ್ ಅವರನ್ನು ಮದುವೆಯಾಗಿ ರಂಗ ಬಿಟ್ಟರು. ಆ ಮದುವೆ ಜಾಸ್ತಿ ದಿನ ಬಾಳಲಿಲ್ಲ. ಆಮೇಲೆ ‘ಲ ಫಿಗಾರೋ’ ಪತ್ರಿಕೆಗೆ ಬರೆಯತೊಡಗಿದರು.

1896ರಲ್ಲಿ ಪ್ಯಾರಿಸ್‌ನಲ್ಲಿ ಮಹಿಳಾ ಹಕ್ಕುಗಳ ಸಮ್ಮೇಳನ. ಅಲ್ಲಿಗೆ ಹೋಗಿ ಒಂದು ತಮಾಷೆಯ ಲೇಖನ ಬರೆದುಕೊಡಿ ಅಂತ ಪತ್ರಿಕೆ ಕಳಿಸಿತು. ಅಲ್ಲಿನ ವಾದಗಳನ್ನು ಕೇಳಿದ ಮೇಲೆ ಗೇಲಿ ಮಾಡಲು ಅವರಿಗೆ ಮನಸ್ಸಾಗಲಿಲ್ಲ. ಮರುವರ್ಷ, 1897ರ ಡಿಸೆಂಬರ್ 9ರಂದು, ‘ಲಾ ಫ್ರೋಂದ್’ ಎಂಬ ತಮ್ಮದೇ ದಿನಪತ್ರಿಕೆ ಶುರುಮಾಡಿದರು.

ಇಲ್ಲಿ ಗಮನ ಇಡಿ. ಹೆಂಗಸರು ಬರೆದ ಪತ್ರಿಕೆಗಳು ಮೊದಲೂ ಇದ್ದವು. ಇಲ್ಲಿ ಬರೆಯುವುದು, ತಿದ್ದುವುದು, ಮೊಳೆ (ಅಚ್ಚಿನ ಅಕ್ಷರ) ಜೋಡಿಸುವುದು ಎಲ್ಲ ಹೆಂಗಸರೇ. ಮೊಳೆ ಜೋಡಿಸುವವರಿಗೆ ಗಂಡಸರಷ್ಟೇ ಕೂಲಿ. ಪತ್ರಿಕೆಯ ವರದಿಗಾರ್ತಿ ಸೆವ್ರೀನ್ ಅವರು 1899ರಲ್ಲಿ ರೆನ್ ಊರಿಗೇ ಹೋಗಿ, ದೇಶದ್ರೋಹದ ಸುಳ್ಳು ಆರೋಪ ಹೊತ್ತ ಸೇನಾಧಿಕಾರಿ ಡ್ರೇಫಸ್ ಅವರ ವಿಚಾರಣೆಯ ವರದಿ ಮಾಡಿದರು. ಅಡುಗೆ, ಹೊಲಿಗೆಯ ಪುಟಗಳಿಗೆ ಸೀಮಿತವಾದ ಪತ್ರಿಕೆ ಇದಲ್ಲ.

ಆದರೆ ತೊಡಕು ಬಂದದ್ದು ‘ರಕ್ಷಣೆ’ಯ ಹೆಸರಿನಲ್ಲಿ. 1892ರ ಕಾನೂನು ಕಾರ್ಖಾನೆಗಳಲ್ಲಿ ಹೆಂಗಸರು ರಾತ್ರಿ ದುಡಿಯುವುದನ್ನು ನಿಷೇಧಿಸಿತ್ತು. ಬೆಳಗಿನ ಪತ್ರಿಕೆಗೆ ಮೊಳೆ ಜೋಡಿಸೋದೇ ರಾತ್ರಿ, ಅಲ್ವಾ? ಒಳ್ಳೆಯದಕ್ಕೆಂದೇ ಮಾಡಿದ ಕಾನೂನು ಒಳ್ಳೆಯ ಸಂಬಳದ ಕೆಲಸಕ್ಕೇ ಅಡ್ಡ ಬಂತು. ಇತ್ತ ಗಂಡಸರ ಮುದ್ರಣ ಕಾರ್ಮಿಕ ಸಂಘ ಹೆಂಗಸರನ್ನು ಸೇರಿಸಿಕೊಳ್ಳಲು ಒಪ್ಪುತ್ತಿರಲಿಲ್ಲ. ದ್ಯುರಾಂ ಬೇರೆಯೇ ಸಂಘ ಕಟ್ಟಿಸಿದರು. 1901ರಲ್ಲಿ ಫ್ರಾನ್ಸಿನ ನಾನ್ಸಿ ಊರಿನ ಪ್ರೆಸ್ಸೊಂದರಲ್ಲಿ ಗಂಡಸರು ಮುಷ್ಕರ ಹೂಡಿದಾಗ ಆ ಸಂಘದ ಹೆಂಗಸರು ಹೋಗಿ ಅದೇ ಕೆಲಸ ಮಾಡಿದರು. ಮುಷ್ಕರ ಮುರಿದದ್ದು ನನಗೂ ಸರಿ ಕಾಣುವುದಿಲ್ಲ. ಆದರೆ ಬಾಗಿಲು ಹಾಕಿಕೊಂಡ ಸಂಘ ಆಮೇಲೆ ಒಗ್ಗಟ್ಟು ಕೇಳಿದರೆ ಹೇಗೆ? ಉತ್ತರದಲ್ಲಿ ಎರಡೂ ಕಡೆ ಬರೆಯಿರಿ.

ದ್ಯುರಾಂ ಒಂದು ಹೆಣ್ಣು ಸಿಂಹ ಸಾಕಿದ್ದರು, ಅದಕ್ಕೆ ‘ಹುಲಿ’ ಅಂತ ಹೆಸರಿಟ್ಟಿದ್ದರು. ಹುಲಿವೇಷದ ಊರಿನವರಿಗೆ ಇದು ಮರೆಯುವುದಿಲ್ಲ ಬಿಡಿ. ಸುಮ್ನೆ ಶೋಕಿ ಅನ್ನಬೇಡಿ. ಹಕ್ಕು ಕೇಳುವ ಹೆಂಗಸರು ಅಂದರೆ ಕುರೂಪಿಗಳು, ಸಿಡುಕಿಯರು ಅಂತ ವ್ಯಂಗ್ಯಚಿತ್ರಕಾರರು ಬರೆಯುತ್ತಿದ್ದಾಗ ಈಕೆ ಬೇಕೆಂದೇ ಚೆನ್ನಾಗಿ ಉಟ್ಟುತೊಟ್ಟು ಬರುತ್ತಿದ್ದರು. ಜನರ ಕಣ್ಣು ಸೆಳೆಯುವುದನ್ನು ರಂಗದಲ್ಲೇ ಕಲಿತವರು.

1903ರಲ್ಲಿ ದಿನಪತ್ರಿಕೆ ನಿಂತು ಮಾಸಿಕವಾಯಿತು, 1905ರಲ್ಲಿ ಅದೂ ನಿಂತಿತು. ತಾವು ಕೂಡಿಟ್ಟ ಪುಸ್ತಕ, ಕಾಗದಪತ್ರಗಳನ್ನು 1931ರಲ್ಲಿ ಪ್ಯಾರಿಸ್ ನಗರಕ್ಕೆ ಕೊಟ್ಟರು. ಅವರ ಹೆಸರಿನ ಗ್ರಂಥಾಲಯ ಈಗಲೂ ಇದೆ.

ಹೋಲಿಕೆಯ ಪ್ರಶ್ನೆ ಬಂದರೆ ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯ ಅವರನ್ನು ಪಕ್ಕಕ್ಕಿಡಿ. ಅವರೂ ನಟಿ. 1926ರಲ್ಲಿ ಮದ್ರಾಸ್ ಶಾಸನಸಭೆಗೆ ಸ್ಪರ್ಧಿಸಿ ಸ್ವಲ್ಪದರಲ್ಲಿ ಸೋತರು. ದ್ಯುರಾಂ 1910ರಲ್ಲೇ ಚುನಾವಣೆಗೆ ನಿಲ್ಲಲು ಹೊರಟಿದ್ದರು, ಬಿಡಲಿಲ್ಲ. ಫ್ರಾನ್ಸ್ ಹೆಂಗಸರಿಗೆ ಮತದ ಹಕ್ಕು ಕೊಟ್ಟದ್ದು 1944ರಲ್ಲಿ. ಮದ್ರಾಸ್ ಪ್ರಾಂತ್ಯದಲ್ಲಿ, ಆಸ್ತಿಯ ಷರತ್ತಿನೊಂದಿಗೆ, ಅದು 1921ರಲ್ಲೇ ಬಂದಿತ್ತು.