ಮೂರು 'ಡಾಲರ್' ಸಿನಿಮಾಗಳ ಆ ದಪ್ಪ ಕೇಡಿ: ಮಾರಿಯೋ ಬ್ರೇಗಾ ಯಾರು?

ಕ್ಲಿಂಟ್ ಈಸ್ಟ್‌ವುಡ್‌ನ 'ಡಾಲರ್' ಸಿನಿಮಾ ಮೂರನ್ನೂ ('ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್', 'ಫಾರ್ ಎ ಫ್ಯೂ ಡಾಲರ್ಸ್ ಮೋರ್', 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ') ನೋಡಿದವರಿಗೆ ಈ ಮುಖ ಗೊತ್ತು. ಭಾರೀ ಮೈ, ಗುದ್ದೋಕೆ ಸದಾ ತಯಾರಾದ ಕೈ. ಆದರೆ ಯಾರಿವರು ಅಂತ ಹುಡುಕಿದರೆ ತಲೆ ಕೆಡುತ್ತದೆ. ಮೊದಲ ಸಿನಿಮಾದ ಟೈಟಲ್ ಕಾರ್ಡಿನಲ್ಲಿ ರಿಚರ್ಡ್ ಸ್ಟೈವೆಸೆಂಟ್. ಮುಂದಿನದರಲ್ಲಿ ಮಾರಿಯೋ ಬ್ರೇಗಾ. ಇಂಗ್ಲಿಷ್ ಪ್ರಿಂಟಿನಲ್ಲಿ ಕೇಳುವ ದನಿ ಮಾತ್ರ ಬೇರೆ ಯಾರದೋ.

1923ರಲ್ಲಿ ರೋಮ್‌ನಲ್ಲಿ ಹುಟ್ಟಿದ ಬ್ರೇಗಾ ಮೊದಲು ಮಾಂಸದ ವ್ಯಾಪಾರದಲ್ಲಿದ್ದರು, ಆಮೇಲೆ ಸಿನಿಮಾಕ್ಕೆ ಬಂದರು. 1964ರಲ್ಲಿ ಈ ಮೂರರ ನಿರ್ದೇಶಕ, ಇಟಲಿಯ ಸೆರ್ಜಿಯೋ ಲಿಯೋನೆ ತಮ್ಮ ಮೊದಲ ಕೌಬಾಯ್ ಸಿನಿಮಾ ತೆಗೆದಾಗ ಒಂದು ಅಳುಕಿತ್ತು. ಕೌಬಾಯ್ ಸಿನಿಮಾ ಅಂದರೆ ಅಮೆರಿಕದ್ದೇ ಆಗಬೇಕು, ಇಟಲಿಯವರು ಮಾಡಿದ್ದನ್ನು ಇಟಲಿಯ ಜನವೇ ನೋಡಲ್ಲ ಅಂತ. ಹಾಗಾಗಿ ಟೈಟಲ್ ಕಾರ್ಡಿಗೆ ಅಮೆರಿಕದ ಹೆಸರುಗಳು ಬಂದವು. ಲಿಯೋನೆ ಬಾಬ್ ರಾಬರ್ಟ್‌ಸನ್ ಆದರು. ಸಂಗೀತದ ಎನ್ನಿಯೋ ಮೊರಿಕೋನೆ ಡ್ಯಾನ್ ಸಾವಿಯೋ ಆದರು. ಸಿನಿಮಾ ಗೆದ್ದ ಮೇಲೆ ದೊಡ್ಡವರಿಗೆ ಅವರವರ ಹೆಸರು ಬೇಗ ವಾಪಸ್ ಸಿಕ್ಕಿತು. ಚಿಕ್ಕ ಪಾತ್ರದವರ ಹೆಸರು ಜನರ ಬಾಯಿಗೆ ಬರಲೇ ಇಲ್ಲ.

ದನಿಯ ಕತೆ ಇನ್ನೂ ಜಟಿಲ. ಆಗ ಇಟಲಿಯ ಇಂಥ ಸಿನಿಮಾಗಳಲ್ಲಿ ಸೆಟ್ಟಿನಲ್ಲೇ ಧ್ವನಿ ಹಿಡಿಯುವ ಪದ್ಧತಿ ಇರಲಿಲ್ಲ. ಇಟಲಿ, ಸ್ಪೇನ್, ಜರ್ಮನಿ, ಅಮೆರಿಕದ ನಟರು ಒಂದೇ ದೃಶ್ಯದಲ್ಲಿ ಅವರವರ ಭಾಷೆ ಆಡುತ್ತಿದ್ದರು. ಮಾತು ಕೂಡಿಸುತ್ತಿದ್ದದ್ದು ಆಮೇಲೆ, ಡಬ್ಬಿಂಗ್‌ನಲ್ಲಿ. ಖರ್ಚು ಉಳಿಯಿತು, ಸಿನಿಮಾ ದೇಶ ದೇಶ ಸುತ್ತಿತು. ಅದರ ಬೆಲೆಯಲ್ಲಿ ಒಂದು ಪಾಲನ್ನು ತಮ್ಮ ದನಿ ಕಳೆದುಕೊಂಡ ಪೋಷಕ ನಟರು ತೆತ್ತರು.

ಹಾಗಂತ ಬ್ರೇಗಾ ಬರೀ ದೇಹ ತೋರಿಸಿ ಹೋದವರಲ್ಲ. 1966ರ 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ'ಯ ಯುದ್ಧಕೈದಿಗಳ ಶಿಬಿರದ ದೃಶ್ಯ ನೆನಪು ಮಾಡಿಕೊಳ್ಳಿ. ಅಲ್ಲಿ ಅವರು ಕಾರ್ಪೊರಲ್ ವ್ಯಾಲೇಸ್. ಒಳಗೆ ಟ್ಯೂಕೊಗೆ (ಈಲೈ ವಾಲಕ್ ಪಾತ್ರ) ಹೊಡೆತ, ಹೊರಗೆ ಕೂಗು ಕೇಳಿಸದಿರಲೆಂದು ಕೈದಿಗಳ ವಾದ್ಯ. ವ್ಯಾಲೇಸ್ ಹೆಬ್ಬೆರಳುಗಳನ್ನು ಟ್ಯೂಕೊನ ಕಣ್ಣಿಗೆ ಒತ್ತುತ್ತಾನೆ. ಮುಖದಲ್ಲಿ ಸಿಟ್ಟಿಲ್ಲ, ದಿನದ ಕೆಲಸ ಮುಗಿಸುವವನ ನೆಮ್ಮದಿ ಇದೆ. ಅದೇ ನಮ್ಮನ್ನು ಹೆದರಿಸುವುದು, ಅಲ್ವಾ? ಈ ದೃಶ್ಯದಲ್ಲಿ ಈಲೈ ವಾಲಕ್ ನಟನೆಯನ್ನು ಎಲ್ಲರೂ ಹೊಗಳುತ್ತಾರೆ. ಎದುರಿಗೆ ಬ್ರೇಗಾ ಇಲ್ಲದಿದ್ದರೆ ಆ ನೋವು ಅಷ್ಟು ನಿಜ ಅನ್ನಿಸುತ್ತಿರಲಿಲ್ಲ ಅನ್ನೋದು ನನ್ನ ಗಟ್ಟಿ ಅಭಿಪ್ರಾಯ.

ಎಪ್ಪತ್ತರ ದಶಕದ ಕೊನೆಗೆ ಸ್ಪಗೆಟ್ಟಿ ವೆಸ್ಟರ್ನ್‌ಗಳ, ಅಂದರೆ ಇಟಲಿಯವರು ತೆಗೆದ ಕೌಬಾಯ್ ಸಿನಿಮಾಗಳ ಭರಾಟೆ ಮುಗಿದೇ ಹೋಯಿತು. ಬ್ರೇಗಾ ಕತೆ ಮಾತ್ರ ಅಲ್ಲಿಂದ ತಿರುವು ಪಡೆಯಿತು. ಲಿಯೋನೆ ನಿರ್ಮಾಣದ, ಕಾರ್ಲೋ ವೆರ್ದೋನೆ ನಿರ್ದೇಶನದ 'ಉನ್ ಸಾಕೊ ಬೆಲ್ಲೊ' 1980ರಲ್ಲಿ ಬಂತು. ಅದರಲ್ಲಿ ಹಿಪ್ಪಿ ಮಗನ ಕಮ್ಯುನಿಸ್ಟ್ ಅಪ್ಪನಾಗಿ ಬ್ರೇಗಾ ರೋಮ್‌ನ ಆಡುಮಾತಿನಲ್ಲಿ ಗುಡುಗಿದರು. ವೆರ್ದೋನೆಯದೇ 1982ರ 'ಬೊರೊಟಾಲ್ಕೊ'ದಲ್ಲಿ ಹುಡುಗಿಯ ಅಪ್ಪ. ಆಲಿವ್ ತಿನ್ನು ಅಂತ ಭಾವಿ ಅಳಿಯನಿಗೆ ಒತ್ತಾಯ ಮಾಡುವ ಅವರ ಮಾತು ಇಟಲಿಯಲ್ಲಿ ಜನಪ್ರಿಯವಾಯಿತು. 1994ರಲ್ಲಿ ತೀರಿಕೊಂಡಾಗ ತಮ್ಮ ಊರಿನವರಿಗೆ ಅವರು ನಗಿಸುವ ನಟ. ಹೊರಗಿನವರಿಗೆ ಇವತ್ತಿಗೂ ಈಸ್ಟ್‌ವುಡ್ ಕೈಲಿ ಸೋಲುವ ಗುಂಪಿನ ದಪ್ಪ ಮನುಷ್ಯ. ಈ ಎರಡನ್ನೂ ಕೂಡಿಸಿ ನೋಡಬೇಕೆಂದರೆ ವೆರ್ದೋನೆ ಸಿನಿಮಾಗಳನ್ನು ಇಟಾಲಿಯನ್‌ನಲ್ಲೇ, ಸಬ್‌ಟೈಟಲ್ ಹಾಕಿಕೊಂಡು ನೋಡಿ.